ಹೆಚ್ಚಿದ್ದನ್ನು ಮೊದಲು ಕತ್ತರಿಸು

ಬಹಳ ಹಿಂದೆ, ಬೆಟ್ಟಗಳು ಇನ್ನೂ ಒಂದಕ್ಕೊಂದು ಓಗೊಡುತ್ತಿದ್ದ ಕಾಲದಲ್ಲಿ, ಜೋಡಿಕೋಟೆ ಎಂಬ ರಾಜ್ಯವಿತ್ತು. ಅಲ್ಲಿ ಹೊನ್ನಾಜಿ ಎಂಬ ಹಗ್ಗ ಹೊಸೆಯುವ ಹುಡುಗಿ ಇದ್ದಳು. ಅವಳ ಸಿಟ್ಟು ಊರಿಗೆಲ್ಲ ಗೊತ್ತು. ಹಗ್ಗ ಸಡಿಲವಾಗಿದೆ ಎಂದು ಯಾರಾದರೂ ಸುಳ್ಳುಸುಳ್ಳೇ ದೂರಿದರೆ ಅದೇ ಹಗ್ಗದಲ್ಲಿ ಅವರನ್ನು ಕಂಬಕ್ಕೆ ಕಟ್ಟಿ, "ಈಗ ಬಿಡಿಸಿಕೊಳ್ಳಿ ನೋಡೋಣ" ಎನ್ನುವವಳು.

ಒಂದು ಬೆಳಗ್ಗೆ ಅವಳು ಎದ್ದು ನೋಡಿದರೆ ಅವಳ ಅವ್ವ ಈರವ್ವನ ತಲೆ ಪೂರ್ತಿ ಬೆಳ್ಳಗಾಗಿತ್ತು. ಕತ್ತಾಳೆ ನಾರು ಹಿಡಿದ ಕೈ ನಡುಗುತ್ತಿತ್ತು.

"ಅವ್ವ, ಏನಾಯ್ತೇ ನಿಂಗೆ?"

"ಏಳು ವರ್ಷ ಹೋಯ್ತು ಕಣೇ ಮಗಳೇ. ಪಂಡಿತರು ನಿನ್ನೆಯೂ ತಪ್ಪು ಹೇಳಿದರಂತೆ."

ಆ ತಪ್ಪಿನ ಕತೆ ಹೀಗಿತ್ತು. ಊರಿನ ಹೊಳೆ ಹುಟ್ಟುವ ಬೆಟ್ಟವನ್ನು ಬೆರಕೆರಾಯ ಎಂಬ ಮಾಂತ್ರಿಕ ಹಿಡಿದುಕೊಂಡು, ನೀರು ತಡೆದು ಕೂತಿದ್ದ. ಎರಡು ವಸ್ತುಗಳ ಮೇಲೆ ಉಸಿರು ಬಿಟ್ಟರೆ ಸಾಕು, ಎರಡೂ ಸೇರಿ ಒಂದಾಗಿಬಿಡುತ್ತಿದ್ದವು. ಬೆಟ್ಟಕ್ಕೆ ಮೂರು ಬಾಗಿಲು ಇಟ್ಟು, ಬಾಗಿಲಿಗೊಂದು ಲೆಕ್ಕ ಇಟ್ಟು, ಅವನು ಡಂಗುರ ಸಾರಿಸಿದ್ದ: "ಬೆರೆತದ್ದನ್ನು ಬೇರೆ ಮಾಡಿ ಹೇಳಿದವರಿಗೆ ಬೆಟ್ಟ, ಹೊಳೆ ಎರಡೂ. ಒಂದೊಂದು ತಪ್ಪಿಗೂ ಊರಿನ ಒಬ್ಬರ ಆಯುಸ್ಸಿನಲ್ಲಿ ಏಳು ವರ್ಷ ನನಗೆ." ಉತ್ತರ ಹೇಳಿದವರಿಗೆ ಏನೂ ಆಗುತ್ತಿರಲಿಲ್ಲ. ಅದಕ್ಕೇ ಆಸ್ಥಾನ ಪಂಡಿತ ಶಂಖಪಾಲರು ಶಾಲು ಹೊದ್ದು, ಎಲೆಅಡಿಕೆ ಮೆಲ್ಲುತ್ತ, ಒಂಬತ್ತು ದಿನ ಮೊದಲ ಬಾಗಿಲಿಗೆ ಹೋಗಿ ಒಂಬತ್ತು ಸಲ ತಪ್ಪು ಹೇಳಿ, ಊಟದ ಹೊತ್ತಿಗೆ ಸರಿಯಾಗಿ ಮನೆಗೆ ಬಂದಿದ್ದರು. ಬಡಗಿಯ ಐದು ವರ್ಷದ ಮಗು ಬೆಳಗಾಗುವಷ್ಟರಲ್ಲಿ ಹನ್ನೆರಡರದಾಗಿ, ಆಡದೇ ಉಳಿದ ಆಟಿಕೆಗಳನ್ನು ನೋಡುತ್ತ ಕೂತಿತ್ತು. ಒಂಬತ್ತನೆಯವಳು ಈರವ್ವ.

ಹೊನ್ನಾಜಿ ಒಂದು ಸುತ್ತು ಹಗ್ಗವನ್ನು ಹೆಗಲಿಗೆ ಹಾಕಿಕೊಂಡಳು, ಕುಡುಗೋಲನ್ನು ಸೊಂಟಕ್ಕೆ ಸಿಕ್ಕಿಸಿದಳು, ನೇರ ಆಸ್ಥಾನಕ್ಕೆ ನುಗ್ಗಿದಳು. ರಾಜನಿಗೆ ಕೈ ಮುಗಿದಳು, ಪಂಡಿತರಿಗೆ ಮುಗಿಯಲಿಲ್ಲ.

"ಪಂಡಿತರೇ, ನಿನ್ನೆಯ ಲೆಕ್ಕ ಏನು?"

"ನಿನಗೇನು ತಿಳಿಯುತ್ತಮ್ಮ? ಎರಡು ಹಾವು ಸೇರಿ ಒಂದಾಗಿವೆ. ಒಟ್ಟು ನಲವತ್ತು ಮೊಳ. ಒಂದು ಇನ್ನೊಂದಕ್ಕಿಂತ ಎಂಟು ಮೊಳ ಉದ್ದ. ನಲವತ್ತರ ಅರ್ಧ ಇಪ್ಪತ್ತು. ಒಂದಕ್ಕೆ ಎಂಟು ಕೂಡಿಸಿದೆ, ಇಪ್ಪತ್ತೆಂಟು. ಇನ್ನೊಂದರಲ್ಲಿ ಎಂಟು ಕಳೆದೆ, ಹನ್ನೆರಡು. ಕೂಡಿ ನೋಡು, ನಲವತ್ತೇ ಬರುತ್ತದೆ."

"ಕೂಡಿ ನೋಡಿದಿರಿ, ಸರಿ. ಕಳೆದು ನೋಡಿದಿರಾ?"

"ಕಳೆಯುವುದೇಕೆ?" ಎಂದರು ಪಂಡಿತರು, ಎಲೆಅಡಿಕೆ ಮೆಲ್ಲುತ್ತ.

"ಇಪ್ಪತ್ತೆಂಟರಲ್ಲಿ ಹನ್ನೆರಡು ಹೋದರೆ ಹದಿನಾರು ಸ್ವಾಮಿ, ಎಂಟಲ್ಲ. ಒಂದು ಕಡೆ ಎಂಟು ಏರಿಸಿ, ಇನ್ನೊಂದು ಕಡೆ ಎಂಟು ಇಳಿಸಿದರೆ ಅಂತರ ಎರಡರಷ್ಟಾಗದೆ ಇನ್ನೇನು? ಹಾವಿನ ಉದ್ದ ದಿನಾ ಬದಲಾಯಿತು, ನಿಮ್ಮ ತಪ್ಪು ಮಾತ್ರ ಬದಲಾಗಲಿಲ್ಲ. ನಮ್ಮವ್ವನ ಏಳು ವರ್ಷ ನಿಮ್ಮ ಎಲೆಅಡಿಕೆ ಜೊತೆ ಹೋಯಿತು."

"ಒಂದೆರಡು ತಪ್ಪು ಎಂಥವರಿಗೂ ಆಗುತ್ತದೆ," ಎಂದರು ಪಂಡಿತರು.

"ಒಂಬತ್ತು," ಎಂದಳು ಹೊನ್ನಾಜಿ. ರಾಜ ಏನು ಹೇಳುತ್ತಾನೆಂದು ಕೇಳಲೂ ನಿಲ್ಲದೆ ಬೆಟ್ಟ ಹತ್ತಿದಳು.

ಮೊದಲ ಬಾಗಿಲಿಗೆ ಹಾವು ಸುತ್ತಿಕೊಂಡಿತ್ತು. "ನಾನೊಬ್ಬನಲ್ಲ, ಇಬ್ಬರು," ಎಂದಿತು. "ಇವತ್ತು ಒಟ್ಟು ಮೂವತ್ತಾರು ಮೊಳ. ಒಬ್ಬ ಇನ್ನೊಬ್ಬನಿಗಿಂತ ಹತ್ತು ಮೊಳ ಉದ್ದ. ಬೇರೆ ಮಾಡಿ ಹೇಳು."

"ಹೇಳುತ್ತೇನೆ. ತಪ್ಪಿದರೆ ನನ್ನ ಆಯುಸ್ಸು ಕಡಿ, ಊರಿನವರದ್ದಲ್ಲ."

"ಹಾಗೆ ಕೇಳಿದವರಲ್ಲಿ ನೀನೇ ಮೊದಲು," ಎಂದಿತು ಹಾವು. ಅವಳಿಗೆ ಮತ್ತಷ್ಟು ಸಿಟ್ಟು ಬಂತು.

ಹಗ್ಗದವರಿಗೆ ಇದು ಹೊಸ ಲೆಕ್ಕವೇನಲ್ಲ. ಒಂದೇ ಹಗ್ಗದಲ್ಲಿ ಎತ್ತಿಗೊಂದು ಕಣ್ಣಿ, ಕರುವಿಗೊಂದು ಕಣ್ಣಿ ಬೇಕು, ಎತ್ತಿನದು ನಾಲ್ಕು ಮೊಳ ಹೆಚ್ಚಿರಲಿ ಎಂದು ರೈತರು ದಿನಾ ಕೇಳುತ್ತಾರೆ. ಅವ್ವ ಹೇಳಿಕೊಟ್ಟದ್ದು ಇಷ್ಟೇ: ಹೆಚ್ಚಿದ್ದನ್ನು ಮೊದಲು ಕತ್ತರಿಸು, ಉಳಿದದ್ದನ್ನು ಮಡಿಚು.

ಹೊನ್ನಾಜಿ ಮೂವತ್ತಾರು ಮೊಳ ಹಗ್ಗ ಅಳೆದಳು. ಹತ್ತು ಮೊಳ ಕತ್ತರಿಸಿ ಪಕ್ಕಕ್ಕಿಟ್ಟಳು. ಉಳಿದ ಇಪ್ಪತ್ತಾರನ್ನು ಮಡಿಚಿದಳು, ಹದಿಮೂರಾಯಿತು. "ಚಿಕ್ಕವನು ಹದಿಮೂರು. ಕತ್ತರಿಸಿದ ಹತ್ತು ಸೇರಿದರೆ ದೊಡ್ಡವನು ಇಪ್ಪತ್ತಮೂರು. ಕೂಡಿದರೆ ಮೂವತ್ತಾರು, ಕಳೆದರೆ ಹತ್ತು."

ಹಾವು ಸೀಳಿ ಎರಡಾಯಿತು. ಎರಡೂ ಅವಳಿಗೆ ತಲೆಬಾಗಿ ಪೊದೆಯೊಳಗೆ ಹೋದವು.

ಎರಡನೆಯ ಬಾಗಿಲ ಮೇಲೆ ಮನೆಯಷ್ಟು ದೊಡ್ಡ ಹಕ್ಕಿ ಕೂತಿತ್ತು. "ನಾನು ಒಬ್ಬಳಲ್ಲ, ಎರಡು ಹಿಂಡು," ಎಂದಿತು. "ನನ್ನೊಳಗೆ ಐವತ್ತು ಹಕ್ಕಿಗಳಿವೆ. ಬಿಳಿಯವಕ್ಕಿಂತ ಹಸಿರು ಆರು ಹೆಚ್ಚು. ಬೇರೆ ಮಾಡಿ ಹೇಳು. ಬೇಗ ಹೇಳು ತಾಯೀ, ಒಳಗೆ ತುಂಬಾ ಜಗಳ."

"ಹೇಳುತ್ತೇನೆ. ತಪ್ಪಿದರೆ ನನ್ನದೇ ಆಯುಸ್ಸು."

ಹಗ್ಗದಲ್ಲಿ ಐವತ್ತು ಗಂಟು ಹಾಕಿದಳು, ಆರು ಬಿಚ್ಚಿದಳು. ಉಳಿದ ನಲವತ್ತನಾಲ್ಕನ್ನು ಗಂಟಿಗೆ ಗಂಟು ಕೂಡುವಂತೆ ಮಡಿಚಿದಳು. "ಬಿಳಿ ಇಪ್ಪತ್ತೆರಡು, ಹಸಿರು ಇಪ್ಪತ್ತೆಂಟು. ಕೂಡಿದರೆ ಐವತ್ತು, ಕಳೆದರೆ ಆರು." ದೊಡ್ಡ ಹಕ್ಕಿ ಚದುರಿ ಐವತ್ತಾಯಿತು. ಜಗಳ ಮಾತ್ರ ನಿಲ್ಲಲಿಲ್ಲ, ಆಕಾಶದ ತುಂಬ ಹರಡಿತು.

ಮೂರನೆಯ ಬಾಗಿಲಲ್ಲಿ ಬೆರಕೆರಾಯನೇ ಕೂತಿದ್ದ. ಅವನ ಮಡಿಲಲ್ಲಿ ಹೊಳೆಯುವ ಒಂದು ಹಗ್ಗವಿತ್ತು, ವರ್ಷಕ್ಕೊಂದು ಗಂಟು.

"ಬಾರಮ್ಮ ಹೊಸೆಯುವವಳೇ. ಇದನ್ನು ನಾನೂ ಹೊಸೆದಿದ್ದೇನೆ, ಹೇಗಿದೆ ನೋಡು. ನಿನ್ನವ್ವನ ಉಳಿದ ಆಯುಸ್ಸು, ನನ್ನ ಉಳಿದ ಆಯುಸ್ಸು, ಎರಡೂ ಇದರಲ್ಲಿವೆ. ಒಟ್ಟು ಎಂಬತ್ತೆರಡು ವರ್ಷ. ನನ್ನದು ಅರವತ್ತಮೂರು ಹೆಚ್ಚು. ತಪ್ಪಿದರೆ ಹಗ್ಗ ಪೂರ್ತಿ ನನ್ನದು, ನಿನ್ನವ್ವ ಇವತ್ತೇ ಹೋಗುತ್ತಾಳೆ."

ಹೊನ್ನಾಜಿ ಕುಡುಗೋಲಿಗೆ ಕೈ ಹಾಕಿದಳು. ಆದರೆ ಸಿಟ್ಟಿನಲ್ಲಿ ಹೊಸೆದರೂ ಹುರಿ ತಪ್ಪಬಾರದು, ಅದೂ ಅವ್ವ ಕಲಿಸಿದ್ದೇ. "ಅಳೆಯಬೇಕು. ಹಗ್ಗ ಕೈಗೆ ಕೊಡು."

"ಕೊಟ್ಟೆ. ಅರವತ್ತಮೂರು ತೆಗೆದರೆ ಹತ್ತೊಂಬತ್ತು ಉಳಿಯುತ್ತದೆ. ಬೆಸ ಸಂಖ್ಯೆ. ಅದನ್ನು ಎರಡು ಸಮಪಾಲು ಹೇಗೆ ಮಾಡುತ್ತೀ?" ಎಂದು ಅವನು ತೊಡೆ ತಟ್ಟಿ ನಕ್ಕ.

"ಹಗ್ಗಕ್ಕೆ ಸಮ ಬೆಸ ಗೊತ್ತಿಲ್ಲ," ಎಂದಳು ಹೊನ್ನಾಜಿ. ಕುಡುಗೋಲು ತೆಗೆದು ಅರವತ್ತಮೂರು ಗಂಟು ಕತ್ತರಿಸಿ ಎಡಗೈಯಲ್ಲಿ ಹಿಡಿದಳು. ಉಳಿದದ್ದನ್ನು ಮಡಿಚಿದಳು. ಮಡಿಕೆ ಗಂಟಿನ ಮೇಲೆ ಬೀಳಲಿಲ್ಲ, ಎರಡು ಗಂಟುಗಳ ನಡುವೆ ನುಣ್ಣಗೆ ಬಿತ್ತು. "ನಮ್ಮವ್ವನದು ಒಂಬತ್ತೂವರೆ ವರ್ಷ. ಕತ್ತರಿಸಿದ್ದು ಸೇರಿದರೆ ನಿನ್ನದು ಎಪ್ಪತ್ತೆರಡೂವರೆ. ಕೂಡಿದರೆ ಎಂಬತ್ತೆರಡು, ಕಳೆದರೆ ಅರವತ್ತಮೂರು."

ಬೆರಕೆರಾಯನ ನಗು ಆರಿತು. "ಸರಿ," ಎಂದ ಕಷ್ಟಪಟ್ಟು. "ಬೆಟ್ಟ ತಗೋ. ಆ ತುಂಡು ಇತ್ತ ಕೊಡು, ನನ್ನ ಪಾಲಿಗೆ ಸೇರಿಸಬೇಕು."

ಹೊನ್ನಾಜಿ ಎಡಗೈಯ ತುಂಡನ್ನು ನೋಡಿದಳು. ಅದರ ನಾರಿನ ಬಣ್ಣವೇ ಬೇರೆ. ಒಂಬತ್ತು ಜನ, ಏಳೇಳು ವರ್ಷ, ಒಂಬತ್ತೇಳಲೆ ಅರವತ್ತಮೂರು.

"ಅಯ್ಯಾ, ಇದು ನಿನ್ನದಲ್ಲ. ಕದ್ದದ್ದನ್ನೆಲ್ಲ ತುದಿಯಲ್ಲಿ ಕಟ್ಟಿಕೊಂಡು ನಿನ್ನ ಆಯುಸ್ಸು ಅಂತೀಯಲ್ಲ, ನಾಚಿಕೆಯಿಲ್ಲವೇನು? ನಮ್ಮಲ್ಲಿ ಒಂದು ಪದ್ಧತಿಯಿದೆ. ಕತ್ತರಿಸಿದ ತುಂಡನ್ನು ಎಳೆ ಎಳೆಯಾಗಿ ಬಿಚ್ಚಿ, ನಾರು ಯಾವ ಬುಟ್ಟಿಯಿಂದ ಬಂತೋ ಆ ಬುಟ್ಟಿಗೇ ಹಾಕಬೇಕು."

"ಬಿಚ್ಚಬೇಡ ತಾಯೀ. ಅರ್ಧ ನಿನಗೇ ಕೊಡುತ್ತೇನೆ."

"ನೀನೂ ಮೊದಲು ಅರ್ಧ ಮಾಡುವವನೇ? ನಮ್ಮ ಪಂಡಿತರ ಗೆಳೆಯನಾಗಲು ಸರಿಹೋಗುತ್ತೀ," ಎಂದು ಅವಳು ಹುರಿಯನ್ನು ಹಿಂದಕ್ಕೆ ತಿರುಗಿಸಿದಳು.

ಒಂಬತ್ತು ಎಳೆ ಬಿಚ್ಚಿಕೊಂಡವು. ಒಂದೊಂದೂ ಗಾಳಿಯಲ್ಲಿ ತೇಲಿ, ತನ್ನ ತನ್ನ ಮನೆ ಹುಡುಕಿಕೊಂಡು ಹೋಯಿತು. ಬಡಗಿಯ ಮಗು ಮತ್ತೆ ಐದರದಾಗಿ, ಮರದ ಆನೆಯನ್ನು ಎಳೆದುಕೊಂಡು ಬೀದಿಗೆ ಓಡಿತು. ಈರವ್ವನ ತಲೆ ಕಪ್ಪಾಯಿತು, ಕೈಯ ನಡುಕ ನಿಂತಿತು. ಬೆರಕೆರಾಯನ ಪಾಲಿಗೆ ಉಳಿದದ್ದು ಒಂಬತ್ತೂವರೆ ವರ್ಷ. ಅವನು ಊದಿದ, ಮತ್ತೆ ಊದಿದ. ಬರೀ ಗಾಳಿ ಬಂತು. ಕದ್ದ ಆಯುಸ್ಸಿನ ಜೊತೆ ಮಾಯೆಯೂ ಹೋಗಿತ್ತು. ಹೊಳೆ ಬೆಟ್ಟವಿಳಿದು ಊರಿಗೆ ಹರಿಯಿತು.

ರಾಜ ಸಂತೋಷದಿಂದ, "ಏನು ಬೇಕು ಕೇಳಮ್ಮ," ಎಂದ.

"ಬೆರಕೆರಾಯ ನಮ್ಮ ಅಂಗಳದಲ್ಲಿ ಒಂಬತ್ತೂವರೆ ವರ್ಷ ಕತ್ತಾಳೆ ನಾರು ಬಿಡಿಸಲಿ. ಪಂಡಿತರು ಆ ಒಂಬತ್ತು ಮನೆಗಳಿಗೂ ಹೋಗಿ ಬಾಗಿಲಲ್ಲಿ ನಿಂತು, ಕೂಡಿ ನೋಡಿದೆ, ಕಳೆದು ನೋಡಲಿಲ್ಲ ಎಂದು ಹೇಳಿ ಬರಲಿ. ಎಲೆಅಡಿಕೆ ಇಲ್ಲದೆ."

ಹಾಗೇ ಆಯಿತು. ಒಂಬತ್ತನೆಯ ಮನೆ ಈರವ್ವನದು. ಪಂಡಿತರು ಹೇಳಿ ಮುಗಿಸಿ ಒಣಗಿದ ಬಾಯಲ್ಲಿ ನಿಂತಿದ್ದಾಗ ಈರವ್ವ ಒಂದು ಚೊಂಬು ನೀರು ತಂದುಕೊಟ್ಟಳು.

"ಅವ್ವ, ಅವರಿಗೆ ಯಾಕೆ ಕೊಟ್ಟೆ?" ಎಂದು ಹೊನ್ನಾಜಿ ಸಿಡುಕಿದಳು.

"ನನ್ನ ಏಳು ವರ್ಷ ಬಂತಲ್ಲೇ. ಅದರಲ್ಲಿ ಒಂದು ಗಳಿಗೆ ಕೊಟ್ಟೆ."

ಹೊನ್ನಾಜಿ ಮುಖ ತಿರುಗಿಸಿ ಹಗ್ಗ ಹೊಸೆಯಲು ಕೂತಳು. ಆ ದಿನದಿಂದ ಜೋಡಿಕೋಟೆಯವರೆಲ್ಲ ನೀರು ನೆರಳಿಗೆ ಕೊರತೆಯಿಲ್ಲದೆ ಸುಖವಾಗಿದ್ದರು. ಹೊನ್ನಾಜಿಯೂ ಸುಖವಾಗಿದ್ದಳು, ಸಿಟ್ಟು ಮಾಡಿಕೊಂಡೇ.