ಕಂಬಕ್ಕೆ ಸಿಕ್ಕಿಸದ ವೈರು

ಹಸಿರು ಡೀಸೆಲ್ ಕಾರು ಹೆಲ್ಯಾಳ ಗ್ಯಾರೇಜಿನ ಅಂಗಳಕ್ಕೆ ಬಂದದ್ದು ತಾನಾಗಿ ಅಲ್ಲ, ಟ್ರ್ಯಾಕ್ಟರೊಂದರ ಹಗ್ಗಕ್ಕೆ ಕೊರಳೊಡ್ಡಿಕೊಂಡು. ಕಿಟಕಿಯಿಂದ ಅದನ್ನು ನೋಡಿದ ಹೆಲ್ಯಾಳ ಕೈಯಲ್ಲಿನ ಸ್ಪ್ಯಾನರ್ ಅಲ್ಲೇ ನಿಂತಿತು. ಆ ಕಾರಿನ ಒಂದೊಂದು ನಟ್ಟೂ ಅವಳಿಗೆ ಗೊತ್ತು. ಅದನ್ನು ಓಡಿಸುವವನೂ ಗೊತ್ತು.

ಕೊನೆಗೂ ಕೈಗೆ ಸಿಕ್ಕಿದ, ಅಂದುಕೊಂಡಳು. ಅವಳಿಗೆ ಖುಷಿಯಾಯಿತು. ಒಳ್ಳೆಯವರಿಗೆ ಆಗುವಂಥ ಖುಷಿ ಅದಾಗಿರಲಿಲ್ಲ.

ಮೂರು ಚಳಿಗಾಲದ ಹಿಂದೆ, ಇಂಥದ್ದೇ ಹಲ್ಲು ಕಟಕಟಿಸುವ ಜನವರಿಯಲ್ಲಿ, ಇಲ್ಪೊ ಇದೇ ಕಾರಿನಲ್ಲಿ ಬಂದು ಅವಳನ್ನು ಕಯಾನಿ ಪಟ್ಟಣದ ನೋಂದಣಿ ಕಚೇರಿಗೆ ಕರೆದೊಯ್ದು ಮದುವೆಯಾಗಬೇಕಿತ್ತು. ಅವಳು ಹೊಸ ನೀಲಿ ಕೋಟು ತೊಟ್ಟು ಗ್ಯಾರೇಜಿನ ಮೆಟ್ಟಿಲ ಮೇಲೆ ಕಾದಿದ್ದೇ ಕಾದಿದ್ದು. ಒಳಗೆ ಫೋನು ಬಡಿದುಕೊಂಡಿತ್ತು. ಯಾರೋ ಗಿರಾಕಿ ಇರಬೇಕೆಂದು ಎತ್ತಲಿಲ್ಲ. ಮಧ್ಯಾಹ್ನ ಅವನು ಸರೋವರದಾಚೆಯ ತನ್ನ ಮನೆಯಿಂದ ಹಾಲಿನ ಲಾರಿ ಹತ್ತಿ ಬಂದಾಗ ಅವಳು ಬಾಗಿಲು ಹಾಕಿಯಾಗಿತ್ತು. ಮುಚ್ಚಿದ ಬಾಗಿಲಿಗೇ ಅವನು ಹೇಳಿದ: ಗಾಡಿ ಸ್ಟಾರ್ಟ್ ಆಗಲಿಲ್ಲ.

ಬೇರೆ ಯಾವ ನೆಪ ಹೇಳಿದ್ದರೂ ಅವಳು ಒಂದು ದಿನ ಕ್ಷಮಿಸುತ್ತಿದ್ದಳೇನೋ. ಆದರೆ ಆ ಕಾರಿಗೆ, ಚಳಿಯಲ್ಲಿ ಡೀಸೆಲ್ ಹೊತ್ತಿಕೊಳ್ಳುವಂತೆ ಎಂಜಿನ್ನಿನೊಳಗೆ ಕಾಯುವ ಹೊಸ ಹೀಟರ್ ಪ್ಲಗ್ಗುಗಳನ್ನು ಕೂರಿಸಿ, ಪ್ರತಿಯೊಂದನ್ನೂ ಪರೀಕ್ಷಿಸಿ ಕೊಟ್ಟವಳು ಅವಳೇ. ಮದುವೆಗೆ ಬರದೆ ಕೈಕೊಟ್ಟದ್ದು ಸಾಲದೆಂದು ತಪ್ಪನ್ನು ಅವಳ ಕೆಲಸದ ತಲೆಗೆ ಕಟ್ಟಿದ್ದ. ಮರುದಿನ ಎದುರಿನ ಕಾಫಿ ಅಂಗಡಿಯಲ್ಲಿ ಊರವರೆಲ್ಲ ಅವಳ ಮುಖ ನೋಡುತ್ತಿದ್ದಾಗ ಹೆಲ್ಯಾ ಒಂದೇ ಮಾತು ಹೇಳಿದಳು: "ಗಾಡಿ ಸರಿಯಾಗೇ ಇತ್ತು. ಗಂಡಸೇ ಸ್ಟಾರ್ಟ್ ಆಗಲಿಲ್ಲ."

ಆ ಮಾತು ಊರಿಗೆ ಎಷ್ಟು ರುಚಿಸಿತೆಂದರೆ ಇಂದಿಗೂ ಯಾರಾದರೂ ಕೆಲಸಕ್ಕೆ ತಡವಾದರೆ ಅದನ್ನೇ ಹೇಳಿ ನಗುತ್ತಿದ್ದರು. ಇಲ್ಪೊ ಆಮೇಲೆ ಸರೋವರದ ಈ ಕಡೆಗೆ ಕಾಲಿಟ್ಟಿರಲಿಲ್ಲ. ನೀಲಿ ಕೋಟನ್ನು ಹೆಲ್ಯಾ ಬ್ಯಾಟರಿಗಳ ಮೇಲೆ ಹೊದಿಸಲು ಇಟ್ಟುಕೊಂಡಿದ್ದಳು.

ಈಗ ಅವನು ಕಾರಿನಿಂದ ಇಳಿದ. ಟೋಪಿಯ ಕೆಳಗೆ ಕಿವಿಗಳು ಕೆಂಪಾಗಿದ್ದವು, ರೆಪ್ಪೆಗಳ ತುದಿಯಲ್ಲಿ ಹಿಮದ ಸಣ್ಣ ಹರಳುಗಳು ಕೂತಿದ್ದವು. ಅವನು ಕಣ್ಣು ಮಿಟುಕಿಸಿದರೆ ಒಂದೆರಡು ಉದುರುತ್ತಿದ್ದವು. ಅದನ್ನೆಲ್ಲ ನೋಡುತ್ತ ನಿಂತದ್ದಕ್ಕೆ ಹೆಲ್ಯಾಳಿಗೆ ತನ್ನ ಮೇಲೇ ಸಿಟ್ಟು ಬಂತು.

"ಏನಾಗಿದೆ?" ಎಂದಳು.

"ಸ್ಟಾರ್ಟ್ ಆಗ್ತಿಲ್ಲ."

"ಯಾರು, ಗಾಡಿನಾ ನೀನಾ?"

ಟ್ರ್ಯಾಕ್ಟರಿನವನು ಕೆಮ್ಮಿದಂತೆ ನಕ್ಕ. ಇಲ್ಪೊ ಅವಳ ಕಣ್ಣನ್ನೇ ನೋಡಿದ. ಮೊದಲಾದರೆ ಅವನು ಹಾಗೆ ನೋಡಿದಾಗ ಅವಳು ಗ್ರೀಸು ಹತ್ತಿದ ಬೆರಳಲ್ಲಿ ಅವನ ಮೂಗಿಗೊಂದು ಬೊಟ್ಟಿಡುತ್ತಿದ್ದಳು. ಈಗ ಆ ಬೆರಳನ್ನು ಮುಷ್ಟಿಯೊಳಗೆ ಮಡಚಿಕೊಂಡಳು.

ಅವಳು ಕಾಫಿ ಅಂಗಡಿಯ ಸೈಮಿಯನ್ನು ಕೂಗಿ ಕರೆದಳು. ಕಾಫಿ ಕುಡಿಯುತ್ತಿದ್ದವರನ್ನೆಲ್ಲ ಕರೆದುಕೊಂಡು ಬರಲು ಹೇಳಿದಳು. ಸೈಮಿ ಶಾಲು ಹೊದ್ದು, ಏಲಕ್ಕಿ ಬನ್ನಿನ ತಟ್ಟೆಯ ಸಮೇತ ಬಂದಳು. ಇಂಥದ್ದನ್ನೆಲ್ಲ ಬರಿಗೈಯಲ್ಲಿ ನೋಡುವ ಹೆಂಗಸಲ್ಲ ಅವಳು. ಎಲ್ಲರೂ ಸೇರಿದ ಮೇಲೆ ಹೆಲ್ಯಾ ಷರತ್ತು ಹಾಕಿದಳು. ಈ ಕಾರಿಗೆ ಆಮೇಲೆ ಬೇರೆ ಯಾರ ಕೈಯೂ ತಾಗಿಲ್ಲವೆಂದು ಅವನು ಆಣೆ ಮಾಡಬೇಕು. ತಾನು ಕೂರಿಸಿದ ಪ್ಲಗ್ಗುಗಳನ್ನು ಅವಳು ಇವರೆಲ್ಲರ ಕಣ್ಣೆದುರೇ ಪರೀಕ್ಷಿಸುತ್ತಾಳೆ. ಅವು ಸರಿಯಾಗಿದ್ದರೆ, ಆವತ್ತು ಹೇಳಿದ್ದು ಸುಳ್ಳು ಎಂದು ಇವರೆಲ್ಲರ ಕಿವಿಗೆ ಬೀಳುವಂತೆ ಅವನು ಒಪ್ಪಿಕೊಳ್ಳಬೇಕು.

"ಯಾರ ಕೈಗೂ ಕೊಟ್ಟಿಲ್ಲ," ಎಂದ ಇಲ್ಪೊ. "ಆದ್ರೆ ಕೆಟ್ಟಿದ್ರೆ?"

"ಕೆಟ್ಟಿರಲ್ಲ."

"ಕೆಟ್ಟಿದ್ರೆ, ಹೆಲ್ಯಾ?"

"ನಿಂಗೆ ಬೇಕಾದ್ದು ಕೇಳು. ಕೊಡ್ತೀನಿ."

ಒಳಗೆ ತಳ್ಳುವುದು ಬೇಡ, ಇಲ್ಲೇ ಹೊರಗೆ ನೋಡು ಎಂದು ಅವನು ಕೇಳಿಕೊಂಡ. ಅವಳು ಕಿವಿಗೆ ಹಾಕಿಕೊಳ್ಳಲಿಲ್ಲ. ಬೆರಳು ಮರಗಟ್ಟುವ ಆ ಚಳಿಯಲ್ಲಿ ಯಾವ ಮೆಕ್ಯಾನಿಕ್ಕೂ ಹೊರಗೆ ನಿಂತು ಕೆಲಸ ಮಾಡುವುದಿಲ್ಲ. ಮೊದಲು ಗಾಡಿಯನ್ನು ಬೆಚ್ಚನೆಯ ಶೆಡ್ಡಿಗೆ ತಳ್ಳುವುದು, ಕಾಫಿ ಕುಡಿಯುವುದು, ಆಮೇಲೆ ಬಾನೆಟ್ ಎತ್ತುವುದು. ಅವಳ ಅಪ್ಪ ಕಲಿಸಿದ್ದೂ ಹಾಗೆಯೇ, ಸುತ್ತಲಿನ ಗ್ಯಾರೇಜಿನವರೆಲ್ಲ ಮಾಡುವುದೂ ಹಾಗೆಯೇ.

ಕಾಫಿಯಾಯಿತು. ಹೆಲ್ಯಾ ಪ್ಲಗ್ಗುಗಳನ್ನು ಒಂದೊಂದಾಗಿ ಮೀಟರಿಗೆ ಹಿಡಿದಳು. ಎಲ್ಲವೂ ಜೀವಂತ. ಕೀಲಿ ತಿರುಗಿಸಿ, ಕರೆಂಟ್ ಇದ್ದರೆ ಹೊತ್ತುವ ಟೆಸ್ಟ್ ಲ್ಯಾಂಪ್ ತಾಗಿಸಿದಳು. ಎಲ್ಲ ಕಡೆಯೂ ಬೆಳಕು. ಸೆಲ್ಫ್ ಹೊಡೆದರೆ ಎಂಜಿನ್ ಒಂದೇ ಏಟಿಗೆ ಎದ್ದು ಕುಳಿತಿತು. ಸೈಮಿ ಬಾಯಿ ತುಂಬಿದ್ದ ಬನ್ನನ್ನು ನುಂಗಿ ಅದೇ ಹಳೆಯ ಮಾತು ಹೇಳಿದಳು, ಎಲ್ಲರೂ ನಕ್ಕರು. ಹೆಲ್ಯಾಳಿಗೆ ಆ ನಗು ಸಕ್ಕರೆಯಂತಿತ್ತು.

"ಈಗ ಹೇಳು," ಎಂದಳು.

ಇಲ್ಪೊವಿನ ಕಿವಿ ಇನ್ನಷ್ಟು ಕೆಂಪಾಯಿತು. ದನಿ ಮಾತ್ರ ಕದಲಲಿಲ್ಲ. "ಹೇಳ್ತೀನಿ. ಮೊದ್ಲು ಹೊರಗೆ ತಳ್ಳು. ಎಂಜಿನ್ ಪೂರ್ತಿ ತಣ್ಣಗಾಗ್ಲಿ. ಆಮೇಲೂ ಇದೇ ಥರ ಎದ್ರೆ ಮಂಡಿಯೂರಿ ಹೇಳ್ತೀನಿ."

ಬೇಡವೆನ್ನಲು ಅವಳ ಜಂಬ ಬಿಡಲಿಲ್ಲ. ಕಾರು ಹೊರಗೆ ಹೋಯಿತು. ಚಳಿ ತಡೆಯದೆ ಜನ ಕಾಫಿ ಅಂಗಡಿಗೆ ವಾಪಸಾದರು. ಮಧ್ಯಾಹ್ನ ಕಳೆದು ಬೆಳಕು ನೀಲಿಗೆ ತಿರುಗುವ ಹೊತ್ತಿಗೆ ಅಂಗಳದಲ್ಲಿ ಅವರಿಬ್ಬರೇ ಉಳಿದಿದ್ದರು.

ಹೆಲ್ಯಾ ಕೀಲಿ ತಿರುಗಿಸಿದಳು. ಪ್ಲಗ್ ಕಾಯುತ್ತಿದೆ ಎನ್ನುವ ಹಳದಿ ದೀಪ ಎಂದಿನಂತೆ ಹೊತ್ತಿತು, ಎಂದಿನಂತೆ ಆರಿತು. ಸೆಲ್ಫ್ ಹೊಡೆದಳು. ಎಂಜಿನ್ ನರಳಿತು, ಹಿಂದಿನಿಂದ ದಟ್ಟ ಬಿಳಿ ಹೊಗೆ ಬಂತು, ಅಷ್ಟೇ. ಇನ್ನೊಮ್ಮೆ ಹೊಡೆದಳು. ಬರೀ ಹೊಗೆ.

ಬಿಳಿ ಹೊಗೆ ಎಂದರೆ ಡೀಸೆಲ್ ಒಳಗೆ ಹೋಗುತ್ತಿದೆ, ಉರಿಯುತ್ತಿಲ್ಲ. ಉರಿಯುತ್ತಿಲ್ಲ ಎಂದರೆ ಪ್ಲಗ್ಗುಗಳು ಕಾಯುತ್ತಿಲ್ಲ.

ಅವನಿಗೆ ಕೀಲಿ ಹಿಡಿಯಲು ಹೇಳಿ ಟೆಸ್ಟ್ ಲ್ಯಾಂಪನ್ನು ಪ್ಲಗ್ಗಿಗೆ ತಾಗಿಸಿದಳು. ಕತ್ತಲೆ. ಎಲ್ಲಕ್ಕೂ ತಾಗಿಸಿದಳು. ಎಲ್ಲವೂ ಕತ್ತಲೆ. ಮುಂದಿನ ಹಳದಿ ದೀಪ ತನ್ನ ಪಾಡಿಗೆ ಸುಳ್ಳು ಹೇಳುತ್ತಿತ್ತು. ವೈರು ಹಿಡಿದು ಹಿಂದೆ ಹಿಂದೆ ಹೋದಳು. ಪ್ಲಗ್ಗುಗಳಿಗೆ ಕರೆಂಟ್ ಬಿಡುವ ರಿಲೇ ಪೆಟ್ಟಿಗೆಯವರೆಗೂ ಅದು ಬರುತ್ತಿತ್ತು. ಪೆಟ್ಟಿಗೆಯೊಳಗಿನ ಲೋಹದ ಫ್ಯೂಸ್ ಪಟ್ಟಿಯ ಈ ತುದಿಯಲ್ಲಿ ಲ್ಯಾಂಪ್ ಹೊತ್ತಿತು, ಆ ತುದಿಯಲ್ಲಿ ಹೊತ್ತಲಿಲ್ಲ. ನೋಡಲು ಮಾತ್ರ ಆ ಪಟ್ಟಿ ಇಡಿಯಾಗಿಯೇ ಇತ್ತು.

ಹೆಲ್ಯಾ ಬಗ್ಗಿ ಅದರ ಹತ್ತಿರಕ್ಕೆ ಬಾಯಿ ತಂದು ಹಾ ಎಂದು ಬಿಸಿಯುಸಿರು ಬಿಟ್ಟಳು. ಲ್ಯಾಂಪ್ ಹೊತ್ತಿತು. ಉಸಿರು ಆರಿತು, ಲ್ಯಾಂಪೂ ಆರಿತು. ಮತ್ತೆ ಊದಿದಳು. ಮತ್ತೆ ಹೊತ್ತಿತು.

ಪಟ್ಟಿಯಲ್ಲಿ ಕೂದಲೆಳೆಯಷ್ಟು ಬಿರುಕು. ಬೆಚ್ಚಗಿದ್ದಾಗ ಲೋಹ ಹಿಗ್ಗಿ ಕೂಡಿಕೊಳ್ಳುತ್ತದೆ, ಚಳಿಗೆ ಕುಗ್ಗಿ ಬಿಟ್ಟುಕೊಳ್ಳುತ್ತದೆ. ಬೆಚ್ಚನೆಯ ಶೆಡ್ಡಿನಲ್ಲಿ ಎಷ್ಟು ಸಲ ನೋಡಿದರೂ ಅದು ಸಿಕ್ಕುವುದಿಲ್ಲ. ಆವತ್ತು ಅವಳು ಪರೀಕ್ಷಿಸಿದ್ದೂ ಅದೇ ಶೆಡ್ಡಿನಲ್ಲಿ.

ಮೂರು ಚಳಿಗಾಲ ಅವಳು ಸಾಕಿಕೊಂಡು ಬಂದಿದ್ದ ದ್ವೇಷಕ್ಕೆ ನಿಲ್ಲಲು ಈಗ ಜಾಗವಿರಲಿಲ್ಲ. ಆದರೂ ಅದು ಅಷ್ಟು ಸುಲಭಕ್ಕೆ ಸಾಯಲಿಲ್ಲ.

"ಮದ್ವೆ ಹಿಂದಿನ ರಾತ್ರಿ ಕಂಬದ ವೈರು ಸಿಕ್ಕಿಸಿದ್ರೆ ಪ್ಲಗ್ ಇಲ್ದೆನೂ ಸ್ಟಾರ್ಟ್ ಆಗ್ತಿತ್ತು," ಎಂದಳು ತಲೆಯೆತ್ತದೆ. ಆ ಕಡೆಯ ಊರುಗಳಲ್ಲಿ ಪ್ರತಿ ಮನೆಯ ಅಂಗಳದಲ್ಲೂ ಒಂದು ಕರೆಂಟ್ ಕಂಬವಿರುತ್ತದೆ. ಚಳಿಗಾಲದಲ್ಲಿ ಗಾಡಿ ನಿಲ್ಲಿಸಿದವರು ಎಂಜಿನ್ ಬೆಚ್ಚಗಿರಲೆಂದು ವೈರು ಸಿಕ್ಕಿಸಿಯೇ ಮಲಗುವುದು. "ಊರಲ್ಲಿ ಕುಡುಕರೂ ಅದನ್ನ ಮರೆಯಲ್ಲ. ನೀನ್ಯಾಕೆ ಸಿಕ್ಕಿಸ್ಲಿಲ್ಲ? ಬರೋ ಮನಸ್ಸಿರ್ಲಿಲ್ಲ, ಅದಕ್ಕೆ."

ಇಲ್ಪೊ ಸ್ಟಿಯರಿಂಗಿನ ಮೇಲಿದ್ದ ತನ್ನ ಕೈಗವಸನ್ನು ನೋಡುತ್ತಿದ್ದ.

"ನೀನೇ ಹೇಳಿದ್ದೆಯಲ್ಲ, ನನ್ ಕೈಯಿಂದ ಹೋದ ಗಾಡಿಗೆ ಕಂಬ ಬೇಡ ಅಂತ. ಸೈಮಿ ಅಂಗಡೀಲಿ ಎಲ್ಲರೆದುರು ಮೇಜು ಕುಟ್ಟಿ ಹೇಳಿದ್ದೆ. ಆವತ್ತು ವೈರು ಕೈಗೆ ತಗೊಂಡಿದ್ದೆ, ಹೆಲ್ಯಾ. ಮದ್ವೆ ದಿನವೇ ನಿನ್ನ ಬಿಟ್ಟು ಕಂಬ ನಂಬ್ದೆ ಅಂತಾಗ್ಬಾರ್ದು ಅನ್ನಿಸ್ತು. ವಾಪಸ್ ನೇತುಹಾಕ್ದೆ."

ಇಡೀ ಊರಿನಲ್ಲಿ ಅವಳ ಮಾತನ್ನು ಪೂರ್ತಿ ನಂಬಿದವನು ಒಬ್ಬನೇ. ಅವನನ್ನೇ ಅವಳು ಊರ ನಗೆಪಾಟಲು ಮಾಡಿದ್ದಳು.

"ಆಮೇಲೆ ಯಾಕೆ ಯಾರ ಹತ್ರನೂ ರಿಪೇರಿ ಮಾಡಿಸ್ಲಿಲ್ಲ?"

"ಸರಿ ಮಾಡಿಸಿಬಿಟ್ರೆ ನನ್ನ ಹತ್ರ ಸಾಕ್ಷಿ ಏನು ಉಳಿಯತ್ತೆ? ದಿನಾ ಕಂಬಕ್ಕೆ ಸಿಕ್ಕಿಸಿ ಓಡಿಸ್ದೆ. ಒಂದಿನ ನಿನ್ನ ಕಣ್ಣೆದುರೇ ನಿಲ್ಲಿಸಿ ನಿನ್ ಸೊಕ್ಕು ಮುರೀಬೇಕು ಅಂತಿತ್ತು, ಅದಕ್ಕೇ ನಿನ್ನೆ ರಾತ್ರಿ ಸಿಕ್ಕಿಸ್ಲಿಲ್ಲ. ಹೋದ ವರ್ಷ, ಅದರ ಹಿಂದಿನ ವರ್ಷ, ಸರೋವರದ ಆಚೆ ತಿರುವಿನ ತನಕ ಬಂದು ವಾಪಸ್ ಹೋದೆ."

"ಯಾಕೆ?"

"ಸೇಡು ತೀರಿಬಿಟ್ರೆ ಆಮೇಲೆ ನಿನ್ ಹತ್ರ ಬರೋಕೆ ನೆಪ ಇರಲ್ಲ."

ಅಷ್ಟರಲ್ಲಿ ತಡೆಯಲಾರದೆ ಸೈಮಿ ರಸ್ತೆ ದಾಟಿ ಬಂದು ಏನಾಯಿತೆಂದು ಕೇಳಿದಳು. ಹೆಲ್ಯಾ ಬಾಯಿ ತೆರೆಯುವ ಮೊದಲೇ ಇಲ್ಪೊ ಹೇಳಿಬಿಟ್ಟ: ತಾನೇ ಗಾಡಿಯನ್ನು ಸರಿಯಾಗಿ ನೋಡಿಕೊಂಡಿರಲಿಲ್ಲ, ತಪ್ಪು ತನ್ನದೇ.

ಹೆಲ್ಯಾಳಿಗೆ ರೇಗಿತು. ಗೆದ್ದವನು ಗೆದ್ದಂತೆ ನಡೆದುಕೊಳ್ಳದೆ ಭಿಕ್ಷೆ ಹಾಕುತ್ತಾನಲ್ಲ. "ನಿನ್ನ ದಯೆ ಯಾರು ಕೇಳಿದ್ರು?" ಎಂದವಳೇ ದಾಪುಗಾಲಿಟ್ಟು ರಸ್ತೆ ದಾಟಿ ಕಾಫಿ ಅಂಗಡಿಯ ಬಾಗಿಲು ದೂಡಿದಳು.

"ಕೇಳಿ ಎಲ್ರೂ," ಎಂದಳು. "ಆವತ್ತು ಗಂಡಸು ಸರಿಯಾಗೇ ಇದ್ದ. ಗಾಡಿ ಸ್ಟಾರ್ಟ್ ಆಗಲಿಲ್ಲ. ಕೆಲ್ಸ ನಂದು."

ಯಾರೂ ನಗಲಿಲ್ಲ. ಹಿಂದೆಯೇ ಓಡಿಬಂದ ಸೈಮಿ ಅವಳಿಗೊಂದು ಲೋಟ ಕಾಫಿ ಬಗ್ಗಿಸಿದಳು.

ಹೆಲ್ಯಾ ಹೊಸ ಫ್ಯೂಸ್ ಪಟ್ಟಿ ಹಾಕಿದಳು, ಈ ಸಲ ಹೊರಗೆ, ಬೆರಳು ಸತ್ತುಹೋಗುವ ಚಳಿಯಲ್ಲೇ ನಿಂತು. ಕೆಲಸ ಮುಗಿದ ಮೇಲೆ, ಷರತ್ತಿನ ಪ್ರಕಾರ ಏನು ಬೇಕೋ ಕೇಳು ಎಂದಳು. ಅವನು ಯೋಚಿಸಿಟ್ಟುಕೊಂಡೇ ಬಂದಿದ್ದ. ಕಾರು ಬೆಳಗಿನವರೆಗೂ ಅಂಗಳದಲ್ಲೇ ಇರಬೇಕು, ಕಂಬಕ್ಕೆ ಸಿಕ್ಕಿಸಕೂಡದು. ತಾನು ಸೈಮಿಯ ಮಹಡಿಯ ಕೋಣೆಯಲ್ಲಿ ಮಲಗುವುದು. ಬೆಳಿಗ್ಗೆ ಅವಳು ಆ ನೀಲಿ ಕೋಟು ಹಾಕಿಕೊಂಡು ಅದೇ ಮೆಟ್ಟಿಲ ಮೇಲೆ ನಿಂತು ತನಗಾಗಿ ಕಾಯಬೇಕು.

"ಎಷ್ಟು ಹೊತ್ತು?"

"ನನಗೆ ಸಾಕು ಅನ್ನಿಸೋ ತನಕ."

ಬೆಳಿಗ್ಗೆ ಹೆಲ್ಯಾ ಬ್ಯಾಟರಿಗಳ ಮೇಲಿಂದ ಕೋಟು ತೆಗೆದು ಕೊಡವಿದಳು. ಆಸಿಡ್ಡಿಗೆ ಅಲ್ಲಲ್ಲಿ ತೂತು ಬಿದ್ದಿತ್ತು. ಅದನ್ನೇ ಹಾಕಿಕೊಂಡು ಮೆಟ್ಟಿಲ ಮೇಲೆ ನಿಂತಳು. ಎದುರಿಗೆ ಕಾಫಿ ಅಂಗಡಿಯ ಕಿಟಕಿಯಲ್ಲಿ, ಬೆಚ್ಚನೆಯ ಬೆಳಕಿನಲ್ಲಿ, ಇಲ್ಪೊ ಆರಾಮಾಗಿ ಕುಳಿತಿದ್ದ. ಅವಳನ್ನು ನೋಡಿ ಲೋಟವೆತ್ತಿ ತೋರಿಸಿ ಒಂದು ಗುಟುಕು ಕುಡಿದ. ಅವನ ಹಿಂದೆ ಅರ್ಧ ಊರು ನಿಂತು ನೋಡುತ್ತಿತ್ತು.

ಪಾಪಿ, ಎಂದಳು ಹೆಲ್ಯಾ ಹಲ್ಲುಕಚ್ಚಿ. ತೂತುಗಳಿಂದ ಚಳಿ ನುಗ್ಗಿ ಬೆನ್ನನ್ನು ಕೊರೆಯುತ್ತಿತ್ತು. ಒಳಗೆ ಹೋಗಿಬಿಡಬಹುದಿತ್ತು. ಹೋಗಲಿಲ್ಲ. ಅವನು ಬನ್ನನ್ನು ಎರಡಾಗಿ ಮುರಿದ, ನಿಧಾನಕ್ಕೆ ಬೆಣ್ಣೆ ಸವರಿದ, ಸೈಮಿಯತ್ತ ಲೋಟ ಚಾಚಿ ಇನ್ನೊಂದು ಕಾಫಿ ಹಾಕಿಸಿಕೊಂಡ. ಅವಳು ಕಾಲು ಬದಲಿಸಲೂ ಇಲ್ಲ. ಇವನು ಬಾರದೇ ಹೋದರೆ ನನಗೆ ಸರಿಯಾದದ್ದೇ ಆಯಿತು, ಅಂದುಕೊಂಡಳು. ಆದರೆ ಬರಲಿ ಎಂದು ಅವಳ ಜೀವ ಬಡಿದುಕೊಳ್ಳುತ್ತಿತ್ತು.

ಎರಡನೆಯ ಲೋಟವನ್ನು ಅವನು ತುಟಿಗೂ ತಾಗಿಸಲಿಲ್ಲ. ಅಂಗಡಿಯ ಬಾಗಿಲು ತೆರೆದುಕೊಂಡಿತು. ಇಲ್ಪೊ ಟೋಪಿಯಿಲ್ಲದೆ, ಅದೇ ಲೋಟ ಹಿಡಿದು ರಸ್ತೆಗೆಲ್ಲ ಚೆಲ್ಲಿಕೊಂಡು ಓಡಿಬಂದ.

"ತಗೋ. ಇನ್ನೂ ಬಿಸಿಯಿದೆ."

"ಸಾಕಾಯ್ತಾ ನಿಂಗೆ?"

"ಮೊದಲ್ನೇ ಗುಟುಕಿಗೇ ಸಾಕಾಗಿತ್ತು. ಜನ ನೋಡ್ತಿದ್ರು ಅಂತ ಕೂತಿದ್ದೆ."

ಕೋಟಿನ ತೂತಿನಲ್ಲಿ ಅವನ ಬೆರಳೊಂದು ತೂರಿ ಅಲ್ಲೇ ನಿಂತಿತು. ಅವಳು ಅದನ್ನು ತೆಗೆಯಲಿಲ್ಲ. ಕಾಫಿ ಮುಗಿಸಿ, ಕೀಲಿ ಕಿತ್ತುಕೊಂಡು ತಾನೇ ಸ್ಟಿಯರಿಂಗಿನ ಮುಂದೆ ಕುಳಿತಳು. ಅವನು ಪಕ್ಕದಲ್ಲಿ ಕುಳಿತ. ಇಬ್ಬರ ಉಸಿರಿಗೆ ಗಾಜು ಮಂಜಾಗಿ ಊರು ಕಾಣದಾಯಿತು.

ಕೀಲಿ ಅರ್ಧ ತಿರುಗಿಸಿದಳು. ಹಳದಿ ದೀಪ ಹೊತ್ತಿತು.

"ಅದು ಆರೋ ತನಕ ಸುಮ್ನೆ ಕೂತಿರ್ಬೇಕು," ಎಂದ ಇಲ್ಪೊ.

"ಗೊತ್ತು ಕಣೋ. ಮಧ್ಯದಲ್ಲಿ ಮಾತಾಡ್ಬೇಡ, ಆಮೇಲೆ ನಂಗೆ ಧೈರ್ಯ ಬರಲ್ಲ." ಅವಳು ದೀಪವನ್ನೇ ನೋಡುತ್ತ ಹೇಳಿದಳು. "ಈ ಮೂರು ಚಳಿಗಾಲ ದಿನಾ ನಿನ್ನ ಬೈಕೊಂಡೇ ಎದ್ದಿದ್ದೀನಿ. ಬೇರೆ ಯಾರನ್ನೂ ನೆನೆಸ್ಕೊಂಡು ಎದ್ದಿಲ್ಲ. ನೀನಂದ್ರೆ ಇಷ್ಟ ನಂಗೆ. ಆವತ್ತೂ ಇತ್ತು."

ದೀಪ ಆರಿತು. ಅವಳು ಕೀಲಿಯನ್ನು ಪೂರ್ತಿ ತಿರುಗಿಸಿದಳು. ಎಂಜಿನ್ ಒಮ್ಮೆ ತಡವರಿಸಿ, ಹಿಂದೆ ಒಂದು ಚಿಟಿಕೆ ಹೊಗೆಯುಗುಳಿ, ಗಡಗಡ ಎಂದು ಸ್ಟಾರ್ಟ್ ಆಯಿತು. ಕಾಫಿ ಅಂಗಡಿಯಲ್ಲಿ ಯಾರೋ ಮೇಜು ಕುಟ್ಟಿದ್ದು ಕೇಳಿಸಿತು.

"ಸದ್ದಲ್ಲಿ ಕೇಳಿಸ್ಲಿಲ್ಲ. ಇನ್ನೊಂದ್ಸಲ ಹೇಳು," ಎಂದ ಇಲ್ಪೊ.

"ಸುಳ್ಳ. ಆವಾಗ ಎಂಜಿನ್ ಸ್ಟಾರ್ಟೇ ಆಗಿರ್ಲಿಲ್ಲ."

ಅವನು ನಕ್ಕ. ಹೆಲ್ಯಾ ಗ್ರೀಸು ಹತ್ತಿದ ಬೆರಳಲ್ಲಿ ಅವನ ಮೂಗಿಗೊಂದು ಬೊಟ್ಟಿಟ್ಟು ಗೇರ್ ಹಾಕಿದಳು. ಮದುವೆಗೆ ಯಾವ ದಿನ ಕೊಡುತ್ತಾರೋ ಕೇಳಿಕೊಂಡು ಬರಲು ಕಾರು ಕಯಾನಿಯ ದಾರಿ ಹಿಡಿಯಿತು. ಅಂಗಳದ ಕಂಬದಲ್ಲಿ ಅವರು ಸಿಕ್ಕಿಸದ ವೈರು ಹಾಗೆಯೇ ನೇತಾಡುತ್ತಿತ್ತು.