ಹದಿನೇಳು ಮೆಟ್ಟಿಲಿನ ಜಾಗಟೆ

ನವೆಂಬರ್ 13, 2024, ಬುಧವಾರ. ಬೆಳಿಗ್ಗೆ 10.40ಕ್ಕೆ ನಾರಾಯಣಗೂಡ ಠಾಣೆಗೆ ಬಂದ ದೂರು ಓದಿ ಹೆಡ್ ಕಾನ್‌ಸ್ಟೆಬಲ್ ಗುರುಶಾಂತನಿಗೆ ನಗು ತಡೆಯಲಾಗಲಿಲ್ಲ. ಕಳುವಾದ ವಸ್ತು: ಕಂಚಿನ ಜಾಗಟೆ, ಒಂದು. ತೂಕ: ಎರಡೂವರೆ ಕಿಲೊ. ಗುರುತು: ಒಮ್ಮೆ ಹೊಡೆದರೆ ಇಪ್ಪತ್ತೆರಡು ಸೆಕೆಂಡು ನಾದ.

ಇನ್ಸ್‌ಪೆಕ್ಟರ್ ಗೋಪಿನಾಥ ನಗಲಿಲ್ಲ. ದೂರು ತಂದ ವಾಸುದೇವರಾಯರ, ಜಾಗಟೆ ಮಾಡುವ ನಾದಕಮ್ಮಟ ಸಂಘ ಅವನಿಗೆ ಗೊತ್ತಿತ್ತು. ಗಿರಾಕಿ ತನಗೆ ಬೇಕಾದ ಹೊತ್ತು ಹೇಳುತ್ತಾನೆ, ಮಗು ಅಂಗಳ ದಾಟುವಷ್ಟು, ಅಜ್ಜ ಎಲೆಗೆ ಸುಣ್ಣ ಸವರುವಷ್ಟು. ನಾದ ಅಷ್ಟೇ ಹೊತ್ತು ಉಳಿಯುವಂತೆ ಇವರು ಕಂಚನ್ನು ಅರದಿಂದ ಉಜ್ಜಿ ಉಜ್ಜಿ ಹದಕ್ಕೆ ತರುತ್ತಾರೆ. ಗೋಪಿನಾಥನ ಸೋದರಮಾವನ ಮನೆಯಲ್ಲಿ ಊಟದ ಜಾಗಟೆ ಇತ್ತು. ನಾದ ನಿಲ್ಲುವುದರೊಳಗೆ ಕೈಕಾಲು ತೊಳೆದು ಎಲೆಯ ಮುಂದೆ ಕೂರದಿದ್ದರೆ ತುಪ್ಪ ಇಲ್ಲ. ಆ ಮನೆಯೂ ಇಲ್ಲ, ಮಾವನೂ ಇಲ್ಲ. ತುಪ್ಪದ ಆಸೆ ಮಾತ್ರ ಇನ್ನೂ ಇದೆ.

"ಯಾರ ಜಾಗಟಿ, ರಾಯರ?"

"ಹಿಮಾಯತ್‌ನಗರದ ಪ್ರೇಮಾಬಾಯಿಯವರದು. ಜೂನ್‌ದಾಗ ತೀರಿಕೊಂಡ್ರು. ವಾರಸುದಾರರಿಲ್ಲದ ಜಾಗಟಿ ಸಂಘಕ್ಕ ವಾಪಸ್ ಬರತೈತಿ. ಕಾರ್ತಿಕ ಹುಣ್ಣಿಮಿಗೆ ಕರಗಸ್ತೀವ್ರಿ."

ಹುಣ್ಣಿಮೆಗೆ ಎರಡೇ ದಿನ ಉಳಿದಿತ್ತು. ಮಾತು ಕನ್ನಡದಲ್ಲಿ ನಡೆದರೂ ಎಫ್‌ಐಆರ್ ಠಾಣೆಯ ಭಾಷೆಯಾದ ತೆಲುಗಿನಲ್ಲಿ ದಾಖಲಾಯಿತು.

11.30ಕ್ಕೆ ಸ್ಥಳ ಪಂಚನಾಮೆ. ಸಂಘದ ಪಡಸಾಲೆಗೆ ಹಗಲು ಬೀಗವೇ ಇಲ್ಲ. ಗೋಡೆಯ ಮೇಲೆ ನಲವತ್ತು ಜಾಗಟೆಗಳು. ಹತ್ತು ಕಿಲೊದವು ಕೈಗೆ ಎಟುಕುವಲ್ಲೇ ಇದ್ದರೂ ಕಳ್ಳ ಸ್ಟೂಲು ಹತ್ತಿ ಮೇಲಿನ ಚಿಕ್ಕದನ್ನು ಇಳಿಸಿದ್ದ.

"ಗುಜರಿಗೆ ಮಾರೂ ಆಸೀ ಅಲ್ರಿ ಇದು," ಎಂದ ಗುರುಶಾಂತ. ಈಗ ಅವನೂ ನಗುತ್ತಿರಲಿಲ್ಲ.

ಗೋಪಿನಾಥ ಸಂಘದ ದಫ್ತರ ತರಿಸಿದ. ರಾಯರ ತಂದೆಯ ಅಕ್ಷರ, 1989: 'ಕೆಳಗಿನ ಅಡುಗೆಮನೆಯಿಂದ ಮೇಲಿನ ಕೋಣೆ. ಹದಿನೇಳು ಮೆಟ್ಟಿಲು. ಇಪ್ಪತ್ತೆರಡು ಸೆಕೆಂಡು. ಪ್ರೇಮಾ ಅವರಿಗೆ.'

"ಪ್ರೇಮಾಬಾಯಿ ಮೆಟ್ಟಿಲು ಹತ್ತತಿದ್ರೇನು?"

"ಇಲ್ಲ. ಸೊಂಟದ ಕೆಳಗ ಸ್ವಾಧೀನ ಇರಲಿಲ್ಲ. ಹಾಸಿಗ್ಯಾಗಿಂದ ಜಾಗಟಿ ಬಾರಸ್ತಿದ್ರು."

"ಹಂಗಾದ್ರ ಹತ್ತತಿದ್ದವರು ಯಾರು?"

ರಾಯರು ದಫ್ತರವನ್ನು ತಮ್ಮ ಕಡೆ ತಿರುಗಿಸಿಕೊಂಡು ಮತ್ತೆ ಓದಿದರು. ಮೂವತ್ತೈದು ವರ್ಷದಲ್ಲಿ ಸಂಘದವರು ಯಾರೂ ಅದನ್ನು ಕೇಳಿಯೇ ಇರಲಿಲ್ಲ. ಬಾರಿಸಿದವರ ಹೆಸರು ಬರೆದಿದ್ದರು, ಮೆಟ್ಟಿಲನ್ನೂ ಎಣಿಸಿದ್ದರು. ಹತ್ತಿದವರ ಹೆಸರು ಎಲ್ಲೂ ಇರಲಿಲ್ಲ.

2.15ಕ್ಕೆ ಹಿಮಾಯತ್‌ನಗರ. ಪ್ರೇಮಾಬಾಯಿಯ ಮನೆ ಕೆಡವಿಯಾಗಿತ್ತು. ಪಕ್ಕದ ಮನೆಯವರು ಕೆಲಸದಾಕೆಯ ಹೆಸರು ಹೇಳಿದರು: ಹುಸೇನಮ್ಮ, ರಾಯಚೂರು ಕಡೆಯವಳು, ಈಗ ದಿಲ್‌ಸುಖ್‌ನಗರದಲ್ಲಿ ಮಗಳ ಮನೆಯಲ್ಲಿದ್ದಾಳೆ.

3.50ಕ್ಕೆ ಬಾಗಿಲು ತೆರೆದ ಹುಸೇನಮ್ಮನಿಗೆ ಅರವತ್ತೆರಡು ವರ್ಷ. ಪೊಲೀಸರನ್ನು ಕಂಡು ಗಾಬರಿಯಾಗಲಿಲ್ಲ.

"ಜಾಗಟಿ ಒಯ್ದವರು ನೀವಾ, ಅವ್ವಾ?"

"ಹೌದ್ರಿ ಸಾಹೇಬ್ರ. ನಾನಽ ಒಯ್ದೀನಿ."

"ಯಾವಾಗ?"

"ನಿನ್ನಿ ಮಧ್ಯಾಹ್ನ. ಎಲ್ಲಾರೂ ಊಟಕ್ಕ ಹೋಗಿದ್ರು."

"ಯಾಕ?"

"ಕರಗಸ್ತಾರಂತ ಕೇಳಿದೆ." ಸೆರಗಿನಿಂದ ಮುಖ ಒರೆಸಿಕೊಂಡಳು. "ಬಾಯಾರ ಅಪ್ಪಾರು ಗಡಿಯಾರ ಹಿಡಕೊಂಡು ನನ್ನ ಮೂರು ಸಲ ಮೆಟ್ಟಲಾ ಹತ್ತಿಸಿದ್ರು. ಅದರ ಮ್ಯಾಲ ಮಾಡಿಸಿದ್ದದು. ಬಾಯಾರು ಬಾರಿಸಿದ್ರ ಸಪ್ಪಳ ನಿಲ್ಲೂದ್ರಾಗ ನಾ ಬಾಗಿಲದಾಗ ಇರತಿದ್ದೆ. ಕಡೀಕ ಮೊಣಕಾಲು ಹೋದವು. ಮೂರು ಸಲ ಬಾರಿಸಿದ್ರೂ ನಾ ಇನ್ನೂ ನಡು ಮೆಟ್ಟಲದಾಗ. 'ಅವಸರ ಇಲ್ಲ, ಬಾರೇ' ಅಂತ ನಗತಿದ್ರು. ಮನಿ ಕೆಡವಿದ್ರು, ಮೆಟ್ಟಲಾ ಹೋದವು. ಅದನ್ನೂ ಕರಗಿಸಿದ್ರ ನಾ ಹತ್ತಿದ್ದು ಎಲ್ಲಿ ಉಳೀತೈತ್ರಿ?"

ಗೋಪಿನಾಥ ಆಕೆಯ ಹೇಳಿಕೆಯನ್ನು ಅಕ್ಷರ ಬಿಡದೆ ಬರೆದುಕೊಂಡ. ಆದರೂ ಕಾನೂನು ಕಾನೂನೇ. ಮಂಚದ ಕೆಳಗೆ ಹಳೆಯ ಇಳಕಲ್ ಸೀರೆಯಲ್ಲಿ ಸುತ್ತಿಟ್ಟಿದ್ದ ಜಾಗಟೆಯನ್ನು ಪಂಚರ ಮುಂದೆ ಜಪ್ತಿ ಮಾಡಲಾಯಿತು. 4.20ಕ್ಕೆ ಮಹಿಳಾ ಕಾನ್‌ಸ್ಟೆಬಲ್ ಮಧುರಾಳ ಸಮಕ್ಷಮದಲ್ಲಿ ಬಂಧನ.

ಠಾಣೆಗೆ ಬಂದ ರಾಯರು ಹುಸೇನಮ್ಮನ ಹೇಳಿಕೆ ಓದಿ ಆಕೆಯ ಕಡೆ ತಿರುಗಿದರು. "ನಮ್ಮ ತಪ್ಪೂ ಐತ್ರಿ," ಎಂದರು. "ನಾಡಿದ್ದು ಕರಗಸೂದು ಬ್ಯಾಡ."

"ನೀವು ಬೇಕಂದ್ರೂ ಆಗಂಗಿಲ್ಲ," ಎಂದ ಗೋಪಿನಾಥ. "ಈಗ ಅದು ಮುದ್ದೆಮಾಲು, ಕೇಸಿನ ಸಾಕ್ಷಿ. ಕೋರ್ಟು ಹೇಳೂ ತನಕ ಯಾರೂ ಮುಟ್ಟಂಗಿಲ್ಲ."

ಕೋರ್ಟು ಯಾವ ಕಾಲಕ್ಕೆ ಹೇಳೀತೋ ದೇವರೇ ಬಲ್ಲ. ಇಪ್ಪತ್ತು ವರ್ಷದ ನೌಕರಿಯಲ್ಲಿ ಗೋಪಿನಾಥ ಆ ವಿಳಂಬಕ್ಕೆ ಸಂತೋಷಪಟ್ಟದ್ದು ಇದೇ ಮೊದಲು. ರಾಯರು ಜೇಬಿನಿಂದ ಪೆನ್ನು ತೆಗೆದು ಜಾಮೀನು ಕಾಗದ ಕೇಳಿದರು. ದೂರು ಕೊಟ್ಟವರೇ ಜಾಮೀನು ನಿಲ್ಲುವುದನ್ನು ಗುರುಶಾಂತ ಕಂಡಿರಲಿಲ್ಲ.

ಅವನು ಜಾಗಟೆಗೆ ಚೀಟಿ ಕಟ್ಟಿ ಎತ್ತಿದಾಗ ಅದು ಮೇಜಿನ ಅಂಚಿಗೆ ತಾಗಿತು. ನಾದ ಎದ್ದಿತು.

ಬೆಂಚಿನ ಮೇಲಿದ್ದ ಹುಸೇನಮ್ಮ ಮೊಣಕಾಲಿಗೆ ಕೈಯೂರಿ ಎದ್ದು ನಿಂತಳು. "ಬಂದೆ ಬಾಯಾರ," ಎಂದು ಬಾಗಿಲ ಕಡೆ ಹೊರಟಳು. ತಡೆಯಲು ಹೋದ ಮಧುರಾಳಿಗೆ ಗೋಪಿನಾಥ ಬೇಡವೆಂದು ಸನ್ನೆ ಮಾಡಿದ. ಒಂದು ಹೆಜ್ಜೆ, ಇನ್ನೊಂದು ಹೆಜ್ಜೆ.

ನಾದ ನಿಂತಿತು. ಆಕೆ ಇನ್ನೂ ಬಾಗಿಲು ಮುಟ್ಟಿರಲಿಲ್ಲ.