ಐದನೇ ಸ್ಟಾಪಿನ ಜಗಳಗಂಟಿ

“ಎಲ್ಲರೂ ಮೇಲೆ ನೋಡಿ! ಎಡಗಡೆ ಕಿಟಕಿ ನಮ್ಮ ಗಾಯಕಿಯದು. ಬಲಗಡೆ ಕಿಟಕಿ ಒಬ್ಬ ಜಗಳಗಂಟಿಯದು. ಎರಡರ ನಡುವೆ ಒಂದೇ ಒಂದು ಗೋಡೆ!”

ರಸ್ತೆಯಲ್ಲಿ ನಿಂತಿದ್ದ ಇಪ್ಪತ್ತು ಜನ ಒಟ್ಟಿಗೆ ತಲೆ ಎತ್ತಿದರು. ಬಲಗಡೆ ಕಿಟಕಿಯ ಪಕ್ಕ ಕೂತು ಭಾಗಾಕಾರ ಮಾಡುತ್ತಿದ್ದ ಮೆಣಸು ಸರಕ್ಕನೆ ತಲೆ ತಗ್ಗಿಸಿದಳು.

ಕೆಳಗೆ ಹಳದಿ ಟೋಪಿಯ ಗೈಡ್ ಕೈಯಲ್ಲಿ ಪುಟ್ಟ ಮೈಕು ಹಿಡಿದು ಮುಂದುವರಿಸಿದ. “ಗಾಯಕಿ ಬಾಯಿ ತೆರೆದರೆ ಸಾಕು, ಆ ಕಡೆಯಿಂದ ಲಟ್ಟಣಿಗೆ! ಧಡ್! ಧಡ್! ಧಡ್! ಆ ಮಹಾತಾಯಿ ಕಾಗೆಗೂ ಕೂಗೋಕೆ ಬಿಡ್ತಿರಲಿಲ್ವಂತೆ. ಕೊನೆಗೆ ಕಾಟ ತಡೀಲಾರದೆ ನಮ್ಮ ಗಾಯಕಿ ಪೆಟ್ಟಿಗೆ ಕಟ್ಟಿ ಮನೆ ಬಿಟ್ಟೇ ಹೋದ್ರು!”

ಜನ ಗೊಳ್ಳೆಂದು ನಕ್ಕರು. ಯಾರೋ ಒಬ್ಬರು “ಛೆ, ಎಂಥಾ ಹೆಂಗಸಪ್ಪ” ಎಂದರು. ಇಬ್ಬರು ಫೋನು ಎತ್ತಿ ಕಿಟಕಿಯ ಫೋಟೋ ತೆಗೆದರು.

ಮೆಣಸು ಎದ್ದು ಕಿಟಕಿಯನ್ನು ದಬ್ಬೆಂದು ಮುಚ್ಚಿದಳು.

“ಯಾಕೇ ಮುಚ್ಚಿದೆ? ಗಾಳಿ ಬರ್ಲಿ ಬಿಡು” ಎಂದರು ಅಜ್ಜಿ, ಅಂಗಿಗೆ ಗುಂಡಿ ಹೊಲಿಯುತ್ತಾ.

“ಗಾಳಿ ಎಲ್ಲಿ ಬರುತ್ತೆ ಅಜ್ಜಿ? ಬರೀ ಗಲಾಟೆ ಬರುತ್ತೆ.”

ಈ ಗಲಾಟೆ ಶುರುವಾಗಿ ಒಂದು ತಿಂಗಳಾಗಿತ್ತು. ಊರಿನ ಹಳೇ ಹಾಡುಗಳು ಹುಟ್ಟಿದ ಜಾಗಗಳನ್ನೆಲ್ಲ ನಡೆಸಿಕೊಂಡು ತೋರಿಸುವ ಟೂರು ಅದು. ಹಿಂದೆ ರೆಕಾರ್ಡು ತಯಾರಾಗುತ್ತಿದ್ದ, ಈಗ ಚಪ್ಪಲಿ ಅಂಗಡಿಯಾಗಿರುವ ಕಟ್ಟಡ ಮೊದಲನೇ ಸ್ಟಾಪು. ಆಮೇಲೆ ವಾದ್ಯ ರಿಪೇರಿಯವನ ಅಂಗಡಿ, ಹಳೇ ಥಿಯೇಟರು, ರೇಡಿಯೋ ಸ್ಟೇಷನ್ನಿನ ಗೇಟು. ಐದನೆಯದು ಮೆಣಸುವಿನ ಮನೆಯ ಕಟ್ಟಡ. ಎಷ್ಟೋ ವರ್ಷದ ಹಿಂದೆ ಅಲ್ಲಿ ಬಾಡಿಗೆಗಿದ್ದ ಒಬ್ಬ ಹುಡುಗಿ ಮುಂದೆ ದೊಡ್ಡ ಗಾಯಕಿಯಾಗಿದ್ದರು. ಅವರ ಮೊದಲ ಹಾಡು ಈಗಲೂ ಊರಿಗೆಲ್ಲ ಬಾಯಿಪಾಠ. ಬಸ್ ಕಂಡಕ್ಟರಿನಿಂದ ಹಿಡಿದು ಹಲ್ಲಿನ ಡಾಕ್ಟರವರೆಗೆ ಎಲ್ಲರೂ ಅದನ್ನು ಗುನುಗುವವರೇ.

ಮೊದಲ ದಿನ ಜಗಳಗಂಟಿಯ ಕತೆ ಕೇಳಿ ಮೆಣಸು ಹೊಟ್ಟೆ ಹುಣ್ಣಾಗುವಷ್ಟು ನಕ್ಕಿದ್ದಳು. ಅವತ್ತು ಊಟದ ಹೊತ್ತಿಗೆ ಕಣ್ಣು ದೊಡ್ಡದು ಮಾಡಿ, ಸೊಂಟಕ್ಕೆ ಕೈಯಿಟ್ಟು, ಸೌಟಿನಿಂದ ಗೋಡೆ ಬಡಿದು ಜಗಳಗಂಟಿಯ ಆ್ಯಕ್ಟಿಂಗ್ ಬೇರೆ ಮಾಡಿ ತೋರಿಸಿದಳು. ಅಮ್ಮ ಯಾಕೋ ನಗಲಿಲ್ಲ. ಅಜ್ಜಿ ಮಾತ್ರ ಕೆಮ್ಮು ಬರುವವರೆಗೆ ನಕ್ಕರು.

“ಚೆನ್ನಾಗಿ ಮಾಡ್ತೀಯ ಕಣೇ. ಆದ್ರೆ ನಾನು ಎಡಗೈಯಲ್ಲಿ ಬಡೀತಿದ್ದೆ” ಎಂದರು.

ಮೆಣಸುವಿನ ಕೈಯಲ್ಲಿದ್ದ ಸೌಟು ಅಲ್ಲೇ ನಿಂತುಬಿಟ್ಟಿತು.

ಅವತ್ತಿನಿಂದ ಸಂಜೆ ಐದಾದರೆ ಅವಳಿಗೆ ಸಂಕಟ. ಅಜ್ಜಿ ಏನೂ ಅನ್ನುತ್ತಿರಲಿಲ್ಲ. ಗುಂಡಿ ಹೊಲಿಯುತ್ತಾ, ಬಟ್ಟೆ ಮಡಚುತ್ತಾ ಕೂತಿರುತ್ತಿದ್ದರು. ಆದರೆ ಗೈಡಿನ ದನಿ ಕೇಳಿದೊಡನೆ ಅವರ ಕೈ ನಿಧಾನವಾಗುವುದನ್ನು ಮೆಣಸು ಗಮನಿಸಿದ್ದಳು. ‘ಮನೆ ಬಿಟ್ಟೇ ಹೋದ್ರು’ ಅನ್ನುವ ಜಾಗ ಬಂದಾಗ ಆ ಕೈ ಪೂರಾ ನಿಲ್ಲುತ್ತಿತ್ತು.

ಇಷ್ಟು ಸಾಲದು ಅಂತ ಬುಧವಾರ ಕ್ಲಾಸಿನಲ್ಲಿ ಮಿಸ್ ಹೇಳಿದರು: “ಶನಿವಾರ ನಾವೆಲ್ಲ ಮ್ಯೂಸಿಕ್ ವಾಕ್‌ಗೆ ಹೋಗ್ತಿದ್ದೀವಿ. ನೀರಿನ ಬಾಟಲ್ ತನ್ನಿ. ಶೂ ಹಾಕ್ಕೊಂಡು ಬನ್ನಿ.”

ಎಲ್ಲರೂ ಹೋ ಎಂದು ಕಿರುಚಿದರು. ಪಕ್ಕದಲ್ಲಿದ್ದ ರೇಡಿಯೋ ಅವಳ ತೋಳು ತಿವಿದಳು. ಬಾಯಿ ಮುಚ್ಚದೆ ಮಾತಾಡುವುದರಿಂದ ಆ ಹುಡುಗಿಗೆ ಕ್ಲಾಸಿನಲ್ಲಿ ರೇಡಿಯೋ ಅಂತಲೇ ಹೆಸರು. “ಏ ಮೆಣಸು, ನಿಮ್ಮನೆ ಹತ್ರಾನೂ ಬರುತ್ತಲ್ವಾ? ಆ ಎರಡು ಕಿಟಕೀಲಿ ನಿಮ್ದು ಯಾವ್ದು?”

“ಮರೆತೋಯ್ತು” ಎಂದಳು ಮೆಣಸು.

“ನಿಮ್ಮನೆ ಕಿಟಕಿ ನಿಂಗೇ ಮರೆತೋಯ್ತಾ?”

ಶನಿವಾರ ಮೂವತ್ತೆರಡು ಜನ ತಲೆ ಎತ್ತಿ ಅಜ್ಜಿಯ ಕಿಟಕಿ ನೋಡಿ ನಗುತ್ತಾರೆ. ಸೋಮವಾರದ ಹೊತ್ತಿಗೆ ರೇಡಿಯೋ ಇಡೀ ಶಾಲೆಗೆ ಡಂಗುರ ಸಾರಿರುತ್ತಾಳೆ. ಮೆಣಸುಗೆ ರಾತ್ರಿ ಊಟ ಸೇರಲಿಲ್ಲ.

ಮರುದಿನ ಶಾಲೆ ಬಿಟ್ಟ ಕೂಡಲೇ ಅವಳು ಚಪ್ಪಲಿ ಅಂಗಡಿಯ ಮುಂದೆ ಹೋಗಿ ನಿಂತಳು. ಗೈಡ್ ಒಬ್ಬನೇ ಇದ್ದ. ಮೈಕಿಗೆ ಹೊಸ ಬ್ಯಾಟರಿ ಹಾಕುತ್ತಿದ್ದ.

“ಅಣ್ಣಾ, ಐದನೇ ಸ್ಟಾಪಿನ ಜಗಳಗಂಟಿ ನಮ್ಮಜ್ಜಿ.”

ಬ್ಯಾಟರಿ ಕೈಜಾರಿ ಕೆಳಗೆ ಬಿತ್ತು. “ಏನಂದೆ ಪುಟ್ಟಿ?”

“ನಮ್ಮಜ್ಜಿ ಅಲ್ಲೇ ಇದ್ದಾರೆ. ದಿನಾ ಕೇಳಿಸ್ಕೊಳ್ತಾರೆ.”

“ಅಯ್ಯಯ್ಯೋ!” ಗೈಡ್ ಟೋಪಿ ತೆಗೆದು ತಲೆ ಕೆರೆದುಕೊಂಡ. ಟೋಪಿ ಇಲ್ಲದಿದ್ದರೆ ಅವನು ಕಾಲೇಜು ಹುಡುಗನ ಹಾಗೆ ಕಾಣುತ್ತಿದ್ದ. “ನನಗೆ ಗೊತ್ತೇ ಇರ್ಲಿಲ್ಲ. ಪಕ್ಕದ ಮನೆಯವರು ಗೋಡೆ ಬಡೀತಿದ್ರು ಅಂತ ಗಾಯಕಿ ಒಂದು ಹಳೇ ಪತ್ರಿಕೇಲಿ ಹೇಳಿದ್ರು. ಅಷ್ಟೇ ಇದ್ದದ್ದು. ಉಪ್ಪು ಖಾರ ನಾನೇ ಹಾಕ್ದೆ.”

“ಮನೆ ಬಿಟ್ಟು ಹೋಗಿದ್ದು?”

“ಅದೂ ಖಾರಾನೇ” ಎಂದ ಗೈಡ್ ಸಣ್ಣ ದನಿಯಲ್ಲಿ. “ಏನ್ಮಾಡ್ಲಿ ಹೇಳು. ಐದನೇ ಸ್ಟಾಪಿಗೆ ಬರೋ ಹೊತ್ತಿಗೆ ಜನಕ್ಕೆ ಕಾಲು ನೋವು. ಅಲ್ಲಿ ಒಂದ್ಸಲ ಜೋರಾಗಿ ನಗಿಸಿಲ್ಲ ಅಂದ್ರೆ ಆರನೇ ಸ್ಟಾಪಿಗೆ ಅರ್ಧ ಜನ ಇರಲ್ಲ.”

“ಅಜ್ಜಿ ಟೆಲಿಫೋನ್ ಆಫೀಸಲ್ಲಿ ರಾತ್ರಿ ಡ್ಯೂಟಿ ಮಾಡ್ತಿದ್ರು. ಊರವರ ಫೋನೆಲ್ಲ ಅವರೇ ಜೋಡಿಸಿ ಕೊಡ್ತಿದ್ರು. ಹಗಲು ನಿದ್ದೆ ಮಾಡ್ಬೇಕಲ್ವಾ? ಅದನ್ನ ಹೇಳಿ. ಒಳ್ಳೆಯವರು ಅಂತ ಹೇಳಿ. ಶನಿವಾರ ನಮ್ಮ ಕ್ಲಾಸ್ ಬರುತ್ತೆ.”

ಗೈಡ್ ಅವಳ ಮುಖವನ್ನೇ ನೋಡಿದ. “ಆಯ್ತು ಪುಟ್ಟಿ. ಹಾಗೇ ಹೇಳ್ತೀನಿ. ಪ್ರಾಮಿಸ್.”

ಶನಿವಾರ ಎಲ್ಲ ಸರಿಯಾಗಿಯೇ ನಡೆಯಿತು. ವಾದ್ಯ ರಿಪೇರಿಯವನು ಎಲ್ಲರಿಗೂ ಒಂದೊಂದು ಸಲ ತಂತಿ ಮೀಟಲು ಬಿಟ್ಟ. ರೇಡಿಯೋ ಸ್ಟೇಷನ್ನಿನ ಗೇಟಿನ ಎದುರು ರೇಡಿಯೋಳನ್ನು ನಿಲ್ಲಿಸಿ ಎಲ್ಲರೂ ಫೋಟೋ ತೆಗೆಸಿಕೊಂಡರು. ಐದನೇ ಸ್ಟಾಪು ಬಂತು. ಮೆಣಸು ಎಲ್ಲರ ಹಿಂದೆ ಹೋಗಿ ನಿಂತಳು.

ಗೈಡ್ ಅವಳತ್ತ ನೋಡಿ ಸಣ್ಣಗೆ ತಲೆಯಾಡಿಸಿದ. ಮೈಕು ಎತ್ತಿದ.

“ಬಲಗಡೆ ಕಿಟಕಿಯಲ್ಲಿ ಇದ್ದವರು ತುಂಬಾ ದೊಡ್ಡ ಮನಸ್ಸಿನ ಮಹಿಳೆ. ರಾತ್ರಿಯಿಡೀ ಎಚ್ಚರವಿದ್ದು ಟೆಲಿಫೋನ್ ಆಫೀಸಿನಲ್ಲಿ ಊರಿನ ಸೇವೆ ಮಾಡುತ್ತಿದ್ದರು. ಎಷ್ಟೇ ಆಯಾಸವಾಗಿದ್ದರೂ ಗಾಯಕಿಯ ಅಭ್ಯಾಸವನ್ನು ನಗುನಗುತ್ತಾ ಸಹಿಸಿಕೊಳ್ಳುತ್ತಿದ್ದರು. ಯಾವಾಗಲಾದರೂ ಒಮ್ಮೆ ಗೋಡೆಯನ್ನು ಮೆಲ್ಲಗೆ ತಟ್ಟಿ ಪ್ರೋತ್ಸಾಹಿಸುತ್ತಿದ್ದರು.”

ಯಾರೂ ನಗಲಿಲ್ಲ. ಹಿಂದಿನ ಸಾಲಿನ ಹುಡುಗ ಆಕಳಿಸಿದ. ಇನ್ನೊಬ್ಬ ಶೂ ಬಿಚ್ಚಿ ಕಲ್ಲು ಕೊಡವಿದ. “ಮಿಸ್, ಮುಂದಿನ ಸ್ಟಾಪಲ್ಲಿ ಟಾಯ್ಲೆಟ್ ಇದ್ಯಾ?” ಎಂದು ರೇಡಿಯೋ ಕೇಳಿದಳು.

ಮೆಣಸುಗೆ ಬೆಟ್ಟ ಇಳಿಸಿದಷ್ಟು ಹಗುರವಾಯಿತು. ಅಬ್ಬ, ಮುಗಿಯಿತು!

ಆಗ ಬಲಗಡೆ ಕಿಟಕಿ ಧಡಾರನೆ ತೆರೆದುಕೊಂಡಿತು.

“ಏನಯ್ಯಾ ಹಳದಿ ಟೋಪಿ! ಯಾವಳಯ್ಯಾ ಅವಳು?”

ಮೂವತ್ತೆರಡು ತಲೆಗಳೂ ಮಿಸ್ಸಿನ ತಲೆಯೂ ಮೇಲಕ್ಕೆ ತಿರುಗಿದವು. ಅಜ್ಜಿ ಅರ್ಧ ಮೈ ಹೊರಗೆ ಹಾಕಿ ನಿಂತಿದ್ದರು.

“ನಿನ್ನೆವರೆಗೆ ನಿನ್ನ ಕತೆಯಲ್ಲಿ ನಾನಿದ್ದೆ. ಇವತ್ತು ಯಾವಳೋ ದೇವತೇನ ತಂದು ಕೂರಿಸಿದ್ದೀಯಲ್ಲ! ಮೆಲ್ಲಗೆ ತಟ್ಟಿದ್ಳಾ? ನಾನು ಗೋಡೆ ಗಾರೆ ಉದುರೋ ಹಾಗೆ ಬಡಿದಿದ್ದೀನಿ. ಎರಡು ಲಟ್ಟಣಿಗೆ ಮುರಿದಿದ್ದೀನಿ!”

ಗೈಡ್ ಮೈಕು ಕೆಳಗಿಳಿಸಿದ. ಅದು ಕುಂಯ್ ಎಂದಿತು.

“ಅಯ್ಯೋ, ಅದು ಮೆಣಸು ಅಜ್ಜಿ!” ಎಂದು ರೇಡಿಯೋ ಕಿರುಚಿದಳು. ಆಕಳಿಸುತ್ತಿದ್ದ ಹುಡುಗ ಬಾಯಿ ಮುಚ್ಚಿದ. ಎಲ್ಲರೂ ಕಿಟಕಿಯ ಕೆಳಗೆ ನುಗ್ಗಿದರು.

“ಅಜ್ಜೀ, ನಿಜವಾಗ್ಲೂ ಮುರಿದ್ರಾ?”

“ಮುರಿದೆ. ಆ ಹುಡುಗಿ ಏನು ಕಡಿಮೇನಾ? ಅವಳೂ ಆ ಕಡೆಯಿಂದ ಪಾತ್ರೆ ತಗೊಂಡು ಬಡೀತಿದ್ಳು. ಮೆಟ್ಟಿಲಲ್ಲಿ ಎದುರಾದ್ರೆ ಗೂಬೆ ಅಂತಿದ್ಳು, ಹಗಲು ಮಲಗ್ತೀನಲ್ಲ ಅದಕ್ಕೆ.”

“ನೀವೇನಂತಿದ್ರಿ?”

“ಕೆಟ್ಟುಹೋದ ಗ್ರಾಮಫೋನು ಅಂತಿದ್ದೆ. ಒಂದೇ ಸಾಲು, ಒಂದೇ ಸಾಲು!”

ಮಕ್ಕಳೆಲ್ಲ ಬಿದ್ದು ಬಿದ್ದು ನಕ್ಕರು. ಮಿಸ್ಸೂ ಕರ್ಚೀಫಿನಲ್ಲಿ ಬಾಯಿ ಮುಚ್ಚಿಕೊಂಡರು. ಮೆಣಸು ಅಜ್ಜಿಯ ಮುಖ ನೋಡಿದಳು. ಅದು ಸಿಟ್ಟಿನ ಮುಖವೇ ಅಲ್ಲ. ಬಹಳ ದಿನದ ಮೇಲೆ ಯಾರೋ ಬಾಗಿಲು ತಟ್ಟಿ, ‘ಮನೇಲಿದ್ದೀರಾ?’ ಅಂತ ಕೇಳಿದ ಹಾಗಿತ್ತು.

“ಆ ಹಾಡಿನ ಮೊದಲ ಸಾಲು ಏಣಿ ಹತ್ತಿದ ಹಾಗೆ ಮೇಲೆ ಮೇಲೆ ಹೋಗುತ್ತಲ್ಲ, ಅವಳು ದಿನಾ ಕೊನೇ ಮೆಟ್ಟಿಲಲ್ಲಿ ಜಾರ್ತಿದ್ಳು” ಎಂದರು ಅಜ್ಜಿ. “ರಾತ್ರಿಯೆಲ್ಲ ಕಿವೀಲಿ ಊರವರ ಮಾತು ತುಂಬಿಸ್ಕೊಂಡು ಬಂದು ಮಲಗೋದು. ಮಲಗಿ, ಈ ಸಲ ಹತ್ತುತ್ತಾಳೆ, ಈ ಸಲ ಹತ್ತುತ್ತಾಳೆ ಅಂತ ಕಾಯೋದು. ಜಾರಿಬಿಡೋಳು! ನಿದ್ದೆ ಎಲ್ಲಿಂದ ಬರುತ್ತೆ? ಆ ಸಿಟ್ಟಿಗೇ ಬಡೀತಿದ್ದೆ.”

“ಅಜ್ಜೀ,” ರೇಡಿಯೋ ಕೈ ಎತ್ತಿದಳು, “ನಮ್ಮಕ್ಕ ಟೂರಿಗೆ ಬಂದಾಗ ಕೇಳಿದ್ಳಂತೆ, ಅವರು ನಿಮ್ಮಿಂದಾನೇ ಮನೆ ಬಿಟ್ಟು ಹೋದ್ರಂತೆ, ಹೌದಾ?”

ಮೆಣಸುಗೆ ರೇಡಿಯೋಳ ಬಾಯಿಗೆ ಬೀಗ ಹಾಕಬೇಕೆನಿಸಿತು. ‘ಇಲ್ಲ, ಅದು ಗೈಡ್ ಅಣ್ಣ ಸೇರಿಸಿದ್ದು’ ಎಂದು ಕೂಗಿ ಹೇಳಬೇಕೆನಿಸಿತು. ಆದರೆ ಅಜ್ಜಿ ಆಗಲೇ ಮಾತು ಶುರುಮಾಡಿದ್ದರು.

“ಗೊತ್ತಿಲ್ಲ ಮಗಾ. ಅವಳು ಹೋದಾಗ ನಾನು ಮಲಗಿದ್ದೆ. ಎದ್ದಾಗ ಗೋಡೆ ಆಚೆ ಸದ್ದೇ ಇಲ್ಲ. ಸದ್ಯ, ಇನ್ನು ನೆಮ್ಮದಿಯಾಗಿ ಮಲಗ್ಬಹುದು ಅಂದ್ಕೊಂಡೆ.” ಅವರು ಕಿಟಕಿಯ ಚೌಕಟ್ಟನ್ನು ಹೆಬ್ಬೆರಳಿನಿಂದ ಉಜ್ಜಿದರು. “ಎಂಟು ದಿನ ನಿದ್ದೆ ಬರ್ಲಿಲ್ಲ.”

ರಸ್ತೆಯಲ್ಲಿ ಒಂದು ಸೈಕಲ್ಲು ಬೆಲ್ಲು ಹೊಡೆಯುತ್ತಾ ದಾಟಿ ಹೋಯಿತು. ಯಾರೂ ಟಾಯ್ಲೆಟ್ ಕೇಳಲಿಲ್ಲ.

ಟೂರು ಮುಗಿಸಿ ಗೈಡ್ ವಾಪಸು ಬಂದ. ಟೋಪಿ ಕೈಯಲ್ಲಿ ಹಿಡಿದು ಬಾಗಿಲ ಹೊರಗೇ ನಿಂತ.

“ಅಮ್ಮಾ, ತಪ್ಪಾಯ್ತು.”

“ಯಾವ್ದು ತಪ್ಪು? ಮೊದಲಿನದಾ, ಇವತ್ತಿಂದಾ?”

“ಎರಡೂ.”

“ಒಳಗೆ ಬಾ, ಕೂತ್ಕೋ. ಪುಸ್ತಕ ಇದ್ಯಾ? ಬರ್ಕೋ. ಮತ್ತೆ ಮತ್ತೆ ಹೇಳಲ್ಲ.”

ಅಮ್ಮ ಎಲ್ಲರಿಗೂ ಟೀ ತಂದರು. ಗೈಡ್ ತನ್ನ ಪುಟ್ಟ ಪುಸ್ತಕ ತೆಗೆದು ಮಂಡಿಯ ಮೇಲೆ ಇಟ್ಟುಕೊಂಡ. ಮೆಣಸು ಅಜ್ಜಿಯ ಕುರ್ಚಿಯ ಪಕ್ಕ ನೆಲದ ಮೇಲೆ ಕೂತಳು. ಅಜ್ಜಿ ಹೇಳುತ್ತಾ ಹೋದರು, ಗೈಡ್ ಬರೆಯುತ್ತಾ ಹೋದ. ಲಟ್ಟಣಿಗೆ ಎರಡು ಅಂತ ಬರೆದ. ಎಡಗೈ ಅಂತ ಬರೆದ. ಗೂಬೆ ಅಂತ ಬರೆಯುವಾಗ ನಕ್ಕು, ಅಜ್ಜಿ ಕಣ್ಣು ಬಿಟ್ಟ ಮೇಲೆ ಸುಮ್ಮನಾದ.

“ಜಗಳಗಂಟಿ ಅನ್ನೋ ಮಾತು ತೆಗೀಲಾ ಅಮ್ಮಾ?”

“ಯಾಕೆ ತೆಗೀತೀಯಾ? ಇರ್ಲಿ. ನಾನು ಜಗಳಗಂಟೀನೇ. ಇವಳನ್ನ ನೋಡಿದ್ರೆ ಗೊತ್ತಾಗಲ್ವಾ?” ಅಜ್ಜಿ ಮೆಣಸುವಿನ ಜಡೆ ಎಳೆದರು.

ಗೈಡ್ ಒಂದು ಪುಟ ತಿರುವಿದ. ಪೆನ್ನು ಎತ್ತಿಕೊಂಡೇ ಕೇಳಿದ: “ಆಮೇಲೆ... ಅವರು ಯಾಕೆ ಹೋದ್ರು ಅನ್ನೋದಕ್ಕೆ ಏನು ಬರೀಲಿ?”

ಮೆಣಸುವಿನ ಹತ್ತಿರ ಒಳ್ಳೊಳ್ಳೆ ಉತ್ತರಗಳು ತಯಾರಿದ್ದವು. ಹಾಡು ಫೇಮಸ್ ಆಯಿತು, ದೊಡ್ಡ ಮನೆ ಸಿಕ್ಕಿತು, ಅದಕ್ಕೇ ಹೋದರು. ಅಜ್ಜಿಯದೇನೂ ತಪ್ಪಿಲ್ಲ. ಅವಳು ಬಾಯಿ ತೆರೆದಳು. ಅಜ್ಜಿಯ ಕಡೆ ನೋಡಿದಳು. ಅಜ್ಜಿ ಟೀ ಲೋಟವನ್ನು ಎರಡೂ ಕೈಯಲ್ಲಿ ಹಿಡಿದು, ಕುಡಿಯದೆ ಕೂತಿದ್ದರು.

ಮೆಣಸು ಬಾಯಿ ಮುಚ್ಚಿಕೊಂಡಳು.

“ಆ ಜಾಗ ಖಾಲಿ ಬಿಡಪ್ಪ” ಎಂದರು ಅಜ್ಜಿ.

ಗೈಡ್ ಎರಡು ಗೆರೆ ಬಿಟ್ಟು ಮೂರನೆಯ ಗೆರೆಯಿಂದ ಮತ್ತೆ ಬರೆಯತೊಡಗಿದ. ಮೆಣಸು ಕತ್ತು ಚಾಚಿ ಆ ಎರಡು ಖಾಲಿ ಗೆರೆಗಳನ್ನು ನೋಡಿದಳು. ಅಲ್ಲಿ ಏನಾದರೂ ತುಂಬಬೇಕು ಅಂತ ಅವಳಿಗೆ ಅನ್ನಿಸಲಿಲ್ಲ. ಸ್ವಲ್ಪ ಸರಿದು ಅಜ್ಜಿಯ ಮಂಡಿಗೆ ಒರಗಿ ಕೂತು, ಅವರು ಮುಂದೆ ಏನು ಹೇಳುತ್ತಾರೋ ಎಂದು ಕಾದಳು.